ಟೂಲೂಸ್ ಮೆಟ್ರೊದಲ್ಲಿ ಕೇಳುವ ಎರಡನೆಯ ಭಾಷೆ ಯಾರದು?

ಪ್ರಶ್ನೆ: ವಿಮಾನ ತಯಾರಿಕೆಯ ಕೆಲಸದ ಮೇಲೆ ಬೆಂಗಳೂರಿನಿಂದ ಬಂದು ಫ್ರಾನ್ಸಿನ ಟೂಲೂಸ್ ನಗರದಲ್ಲಿ ನೆಲೆಸಿದ್ದೇವೆ. ಇಲ್ಲಿನ ಮೆಟ್ರೊದಲ್ಲಿ ನಿಲ್ದಾಣದ ಹೆಸರನ್ನು ಎರಡು ಭಾಷೆಗಳಲ್ಲಿ ಹೇಳುತ್ತಾರೆ, ಹಳೆಯ ಬೀದಿಗಳ ಫಲಕಗಳಲ್ಲೂ ಎರಡು ಹೆಸರುಗಳಿವೆ. ಎರಡನೆಯದು ಒಕ್ಸಿತಾನ್ ಭಾಷೆಯಂತೆ. ಆದರೆ ನಮ್ಮ ಕಚೇರಿಯಲ್ಲಿ ಅದನ್ನು ಮಾತನಾಡುವವರು ಒಬ್ಬರೂ ಇಲ್ಲ. ‘ಅದು ಫ್ರೆಂಚಿನದೇ ಹಳ್ಳಿಮಾತು’ ಎಂದು ಒಬ್ಬರು, ‘ನಮ್ಮ ಅಜ್ಜಿ ಆಡುತ್ತಿದ್ದ ಮಾತು’ ಎಂದು ಇನ್ನೊಬ್ಬರು ಹೇಳಿದರು. ಅದು ನಿಜಕ್ಕೂ ಬೇರೆ ಭಾಷೆಯೇ? ಒಕ್ಸಿತಾನರು ಎಂಬ ಜನಾಂಗ ಇದೆಯೇ? ನಮ್ಮ ನಾಲ್ಕು ವರ್ಷದ ಮಗಳನ್ನು ಒಕ್ಸಿತಾನ್ ಶಾಲೆಗೆ ಸೇರಿಸಿ ಎಂದು ಪಕ್ಕದ ಮನೆಯವರು ಹೇಳುತ್ತಿದ್ದಾರೆ. ಸೇರಿಸಬಹುದೇ?

ಉತ್ತರ: ಮೊದಲ ಪ್ರಶ್ನೆಗೆ ಒಂದೇ ಮಾತಿನಲ್ಲಿ ಉತ್ತರಿಸಬಹುದು: ಹೌದು, ಅದು ಬೇರೆಯೇ ಭಾಷೆ. ಎರಡನೆಯದಕ್ಕೆ ಅಷ್ಟು ಸಲೀಸಾದ ಉತ್ತರವಿಲ್ಲ. ಶಾಲೆಯ ವಿಚಾರಕ್ಕೆ ಕೊನೆಯಲ್ಲಿ ಬರುತ್ತೇನೆ, ಏಕೆಂದರೆ ಈ ಭಾಷೆಗೆ ಏನಾಯಿತು ಎಂಬುದು ತಿಳಿಯದೆ ಆ ಶಾಲೆಗಳು ಏಕಿವೆ ಎಂಬುದು ಅರ್ಥವಾಗುವುದಿಲ್ಲ.

ಫ್ರೆಂಚ್ ಮತ್ತು ಒಕ್ಸಿತಾನ್ ಎರಡೂ ಲ್ಯಾಟಿನ್ನಿನಿಂದ ಬಂದವು. ಒಂದು ಕೆಟ್ಟು ಇನ್ನೊಂದಾದದ್ದಲ್ಲ. ಆಡಿಗೆ ಲ್ಯಾಟಿನ್ನಿನಲ್ಲಿ ‘ಕಾಪ್ರಾ’. ಉತ್ತರದ ನಾಲಗೆಯಲ್ಲಿ ಅದು ಸವೆದು ‘ಶೆವ್ರ್’ ಆಯಿತು, ದಕ್ಷಿಣದಲ್ಲಿ ‘ಕಾಬ್ರೊ’ ಎಂದೇ ಉಳಿಯಿತು. ಕಡಲು ಫ್ರೆಂಚಿನಲ್ಲಿ ‘ಮೆರ್’, ಒಕ್ಸಿತಾನಿನಲ್ಲಿ ‘ಮಾರ್’. ಒಕ್ಸಿತಾನಿಗೆ ಅತಿ ಹತ್ತಿರದ ಭಾಷೆ ಫ್ರೆಂಚ್ ಅಲ್ಲ, ಪಿರಿನೀಸ್ ಬೆಟ್ಟಗಳಾಚೆಯ ಕತಲಾನ್. ಹದಿನಾಲ್ಕನೆಯ ಶತಮಾನದ ಆರಂಭದಲ್ಲಿ ಇಟಲಿಯ ಕವಿ ದಾಂತೆ ಈ ಭಾಷೆಗಳನ್ನು ‘ಹೌದು’ ಎನ್ನುವ ಬಗೆಯಿಂದಲೇ ವಿಂಗಡಿಸಿದ. ಇಟಲಿಯವರದು ‘ಸೀ’, ಉತ್ತರ ಫ್ರಾನ್ಸಿನವರದು ‘ಒಯಿಲ್’, ದಕ್ಷಿಣದವರದು ‘ಒಕ್’. ಒಕ್ಸಿತಾನ್ ಎಂಬ ಹೆಸರಿನ ಬೇರು ಅಲ್ಲಿದೆ.

ಇದರೊಳಗೆ ಆರು ಪ್ರಮುಖ ಉಪಭಾಷೆಗಳಿವೆ: ಲಿಮೂಸಿನ್, ಓವೆರ್ನ್ಯ, ಆಲ್ಪ್ಸ್ ತಪ್ಪಲಿನ ಮಾತು, ಪ್ರೊವೆನ್ಸಾಲ್, ಲಾಂಗ್‌ದೊಕ್ ಮತ್ತು ಗಾಸ್ಕನ್. ಟೂಲೂಸಿನದು ಲಾಂಗ್‌ದೊಕ್ ಬಗೆ. ಅಲ್ಲಿಂದ ಪಶ್ಚಿಮಕ್ಕೆ ಸ್ವಲ್ಪ ದೂರ ಹೋದರೆ ಗಾಸ್ಕನ್ ಸೀಮೆ. ಅಲ್ಲಿ ಪದದ ಮೊದಲ ‘ಫ್’ ಸಾಮಾನ್ಯವಾಗಿ ‘ಹ್’ ಆಗಿದೆ. ಹೆಂಗಸಿಗೆ ಟೂಲೂಸಿನಲ್ಲಿ ‘ಫೆಮ್ನೊ’ ಎಂದರೆ ಗಾಸ್ಕನಿಯಲ್ಲಿ ‘ಹೆಮ್ನೊ’. ‘ಪಾಲ್’ ಎಂಬುದು ‘ಹಾಲು’ ಆದುದನ್ನು ಕಂಡ ಕನ್ನಡಿಗರಿಗೆ ಇದು ಹೊಸತೇನಲ್ಲ.

ಫ್ರೆಂಚರಿಗೆ ಈ ಮಾತು ಎಷ್ಟು ದೂರವಾಗಿತ್ತು ಎಂಬುದಕ್ಕೆ ಒಳ್ಳೆಯ ಸಾಕ್ಷಿ ಫ್ರಾನ್ಸಿನ ಮಹಾ ನಾಟಕಕಾರ ರಾಸೀನ್. 1661ರಲ್ಲಿ ಇಪ್ಪತ್ತೊಂದರ ತರುಣ ರಾಸೀನ್ ದಕ್ಷಿಣದ ಊಜೆಸ್ ಪಟ್ಟಣದ ಸೋದರಮಾವನ ಮನೆಗೆ ಹೊರಟ. ಲಿಯೋನ್ ದಾಟುವಷ್ಟರಲ್ಲಿ ಜನರ ಮಾತು ತನಗೂ, ತನ್ನ ಮಾತು ಜನರಿಗೂ ತಿಳಿಯದಾಯಿತು ಎಂದು ಕವಿ ಲಾ ಫೊಂತೇನ್‌ಗೆ ಪತ್ರ ಬರೆದ. ವಾಲಾನ್ಸ್‌ನಲ್ಲಿ ರಾತ್ರಿ ತಂಗಿದಾಗ ಕೆಲಸದವಳನ್ನು ಮೂತ್ರದ ಪಾತ್ರೆ ಕೇಳಿದರೆ ಅವಳು ಕೆಂಡದ ಒಲೆಯನ್ನು ತಂದು ಮಂಚದ ಕೆಳಗಿಟ್ಟಳಂತೆ. ಊಜೆಸ್‌ನಲ್ಲಿ ಸಣ್ಣ ಮೊಳೆ ಬೇಕೆಂದು ಆಳನ್ನು ಅಂಗಡಿಗೆ ಕಳಿಸಿದರೆ ಅವನು ಬೆಂಕಿಕಡ್ಡಿಯ ಕಟ್ಟು ತಂದ. ಪ್ಯಾರಿಸ್ಸಿಗೆ ಬಂದ ಮಾಸ್ಕೊದವನಿಗೆ ಬೇಕಾದಷ್ಟೇ ದುಭಾಷಿ ಇಲ್ಲಿ ತನಗೂ ಬೇಕು ಎಂದು ಗೊಣಗಿದ. ಹಳ್ಳಿಮಾತು ಎಂದ ನಿಮ್ಮ ಸಹೋದ್ಯೋಗಿಗೆ ಈ ಕತೆ ಹೇಳಿ ನೋಡಿ. ಶಾಲೆಯಲ್ಲಿ ರಾಸೀನನ ನಾಟಕ ಓದಿರುತ್ತಾರೆ, ಈ ಪತ್ರ ಓದಿರಲಾರರು.

ಇಷ್ಟಾದರೂ ‘ಹಳ್ಳಿಮಾತು’ ಎಂಬ ಅಭಿಪ್ರಾಯ ಎಲ್ಲಿಂದ ಬಂತು? ಹುಟ್ಟಿನಿಂದಲೇ ಇದು ಬಡವರ ಭಾಷೆಯಾಗಿರಲಿಲ್ಲ. ಸುಮಾರು 1100ರಿಂದ ಇನ್ನೂರು ವರ್ಷ ಯುರೋಪಿನ ಆಸ್ಥಾನಗಳಲ್ಲಿ ಪ್ರೇಮಗೀತೆ ಎಂದರೆ ಒಕ್ಸಿತಾನಿನಲ್ಲಿ ಬರೆದದ್ದು ಎಂಬ ಭಾವನೆ ಇತ್ತು. ತ್ರುಬಾದೂರ್ ಎಂದು ಕರೆಸಿಕೊಂಡ ಈ ಕವಿ-ಗಾಯಕರಲ್ಲಿ ಮೊದಲಿಗನೆಂದು ಹೆಸರಾದವನು ಅಕ್ವಿತೇನಿನ ಪ್ರಭು ಒಂಬತ್ತನೆಯ ಗಿಲ್ಯೆಮ್, ಫ್ರಾನ್ಸಿನ ರಾಜನಿಗಿಂತ ಹೆಚ್ಚು ನೆಲ ಆಳುತ್ತಿದ್ದವನು. ಕೋಟೆಯೊಂದರ ಸೇವಕರ ಮಗನೆಂದು ಹೇಳಲಾಗುವ ಬೆರ್ನಾರ್ತ್ ದೆ ವೆಂತಾದೋರ್ನ್ ಕೂಡ ಅದೇ ಸಾಲಿನಲ್ಲಿದ್ದಾನೆ. ಹೆಂಗಸರೂ ಬರೆದರು. ದೀಯಾದ ಕೌಂಟೆಸ್ ರಚಿಸಿದ ಒಂದು ಹಾಡು ರಾಗದ ಗುರುತಿನ ಸಮೇತ ಉಳಿದು ಬಂದಿದೆ. ಕೈಕೊಟ್ಟ ಗೆಳೆಯನ ಮೇಲಿನ ಸಿಟ್ಟು ಅದರ ವಸ್ತು. ದಾಂತೆ ತನ್ನ ಮಹಾಕಾವ್ಯದಲ್ಲಿ ಅರ್ನಾಉತ್ ದಾನಿಯೆಲ್ ಎಂಬ ತ್ರುಬಾದೂರನನ್ನು ಭೇಟಿಯಾದಾಗ ಅವನ ಬಾಯಲ್ಲಿ ಎಂಟು ಸಾಲುಗಳನ್ನು ಒಕ್ಸಿತಾನಿನಲ್ಲೇ ಆಡಿಸಿದ. ಇಟಾಲಿಯನ್ ಕಾವ್ಯದ ನಡುವೆ ಬೇರೊಂದು ಭಾಷೆಗೆ ಸಂದ ಅಪರೂಪದ ಗೌರವ ಅದು.

ಇಲ್ಲಿಂದ ಮುಂದೆ ಪ್ರವಾಸಿ ಕರಪತ್ರಗಳು ಹೇಳುವ ಕತೆಯನ್ನು ಪೂರ್ತಿ ನಂಬಬೇಡಿ. ಕಥಾರ್ ಎಂಬ ಭಿನ್ನ ಕ್ರೈಸ್ತ ಪಂಥದವರನ್ನು ಅಡಗಿಸಲು ಪೋಪ್ 1208ರಲ್ಲಿ ಧರ್ಮಯುದ್ಧ ಸಾರಿದ್ದು ನಿಜ. ಬೆಜಿಯೆ ಪಟ್ಟಣದಲ್ಲಿ ಮಾರಣಹೋಮ ನಡೆದದ್ದೂ, 1229ರ ಒಪ್ಪಂದದಿಂದ ಟೂಲೂಸ್ ಫ್ರೆಂಚ್ ರಾಜಮನೆತನದ ಹಿಡಿತಕ್ಕೆ ಬಂದದ್ದೂ, 1244ರಲ್ಲಿ ಮೋಂಸೆಗ್ಯೂರ್ ಕೋಟೆಯ ಕೆಳಗೆ ಇನ್ನೂರಕ್ಕೂ ಹೆಚ್ಚು ಮಂದಿಯನ್ನು ಸುಟ್ಟದ್ದೂ ನಿಜವೇ. ಆದರೆ ‘ಉತ್ತರದವರು ಬಂದು ನಮ್ಮ ಭಾಷೆಯನ್ನು ಕೊಂದರು’ ಎಂಬ ಮುಂದಿನ ಸಾಲು ಚರಿತ್ರೆಗೆ ಹೊಂದುವುದಿಲ್ಲ. ದಂಡೆತ್ತಿ ಬಂದವರಿಗೆ ಭಾಷೆಯ ಗೊಡವೆ ಇರಲಿಲ್ಲ. ಆಶ್ರಯದಾತರು ಹೋದರು, ಆಸ್ಥಾನದ ಕಾವ್ಯ ಬಡವಾಯಿತು, ಆದರೆ ಊರಿನ ಲೆಕ್ಕಪತ್ರ, ಕರಾರು, ವೈದ್ಯಗ್ರಂಥಗಳನ್ನು ಇನ್ನೂ ಮುನ್ನೂರು ವರ್ಷ ಒಕ್ಸಿತಾನಿನಲ್ಲೇ ಬರೆದರು. 1323ರಲ್ಲಿ ಟೂಲೂಸಿನ ಏಳು ಮಂದಿ ಸೇರಿ ಕಾವ್ಯಕೂಟವೊಂದನ್ನು ಕಟ್ಟಿ, ಮರುವರ್ಷದಿಂದ ಸ್ಪರ್ಧೆ ನಡೆಸಿ ಗೆದ್ದವರಿಗೆ ಚಿನ್ನದ ಹೂ ಕೊಡತೊಡಗಿದರು. ಸತ್ತ ಭಾಷೆಯಲ್ಲಿ ಅದು ನಡೆಯುತ್ತಿರಲಿಲ್ಲ.

ಪೆಟ್ಟು ಬಿದ್ದದ್ದು ಕಾಗದದ ಮೂಲಕ. 1539ರಲ್ಲಿ ರಾಜ ಒಂದನೆಯ ಫ್ರಾನ್ಸ್ವಾ ವಿಲೆರ್-ಕೊತ್ತೆರೆ ಎಂಬಲ್ಲಿ ಹೊರಡಿಸಿದ ಶಾಸನ, ನ್ಯಾಯಾಲಯದ ಬರವಣಿಗೆಯೆಲ್ಲ ಫ್ರೆಂಚಿನಲ್ಲಿರಬೇಕೆಂದಿತು. ಗುರಿ ಲ್ಯಾಟಿನ್, ಏಟು ತಿಂದದ್ದು ಒಕ್ಸಿತಾನ್ ಕೂಡ. ಕೆಲವೇ ದಶಕಗಳಲ್ಲಿ ದಕ್ಷಿಣದ ಗುಮಾಸ್ತರು ಫ್ರೆಂಚಿಗೆ ತಿರುಗಿದರು. ಆಡುವುದು ಒಂದು, ಬರೆಯುವುದು ಇನ್ನೊಂದು ಎಂಬ ಸ್ಥಿತಿ ಬಂತು. ಬರವಣಿಗೆ ಹೋದ ಭಾಷೆಗೆ ಹೆಸರೂ ಹೋಗುತ್ತದೆ. ‘ಪತುವಾ’ ಎಂಬ ಹೀಗಳಿಕೆಯ ಪದ ಅದಕ್ಕೆ ಅಂಟಿಕೊಂಡಿತು. ಕ್ರಾಂತಿಯ ಕಾಲಕ್ಕೆ ಇದು ರಾಜಕೀಯವಾಯಿತು. ಪಾದ್ರಿ ಗ್ರೆಗ್ವಾರ್ 1794ರಲ್ಲಿ ಮಂಡಿಸಿದ ವರದಿಯ ಶೀರ್ಷಿಕೆಯಲ್ಲೇ ಪತುವಾಗಳನ್ನು ನಿರ್ನಾಮ ಮಾಡುವ ಅಗತ್ಯ ಮತ್ತು ವಿಧಾನ ಎಂದಿದೆ. ಕನಿಷ್ಠ 60 ಲಕ್ಷ ಫ್ರೆಂಚ್ ಪ್ರಜೆಗಳಿಗೆ ಫ್ರೆಂಚ್ ಬರುವುದಿಲ್ಲ ಎಂಬುದು ಅವನ ಅಳಲು. ಗ್ರೆಗ್ವಾರ್ ದುಷ್ಟನಾಗಿರಲಿಲ್ಲ, ಯೆಹೂದಿಗಳ ಸಮಾನತೆಗೂ ಗುಲಾಮಗಿರಿಯ ವಿರುದ್ಧವೂ ಹೋರಾಡಿದವನು. ಸಮಾನತೆಗೆ ಒಂದೇ ಭಾಷೆ ಬೇಕು ಎಂದು ಅವನು ಪ್ರಾಮಾಣಿಕವಾಗಿಯೇ ನಂಬಿದ್ದ. ಫ್ರಾನ್ಸ್ ಇಂದಿಗೂ ಆ ನಂಬಿಕೆಯಿಂದ ಹೊರಬಂದಿಲ್ಲ ಎಂಬುದು ನನ್ನ ಅಭಿಪ್ರಾಯ.

ಆದರೂ ಹತ್ತೊಂಬತ್ತನೆಯ ಶತಮಾನದ ನಡುವಿನಲ್ಲೂ ಹಳ್ಳಿಗಾಡಿಗೆ ಫ್ರೆಂಚ್ ಇಳಿದಿರಲಿಲ್ಲ. ಇದಕ್ಕೆ ಕಲ್ಲಿನಲ್ಲಿ ಕೆತ್ತಿದ ಸಾಕ್ಷಿಯೊಂದು ಟೂಲೂಸಿನಿಂದ ಎರಡು ಗಂಟೆಯ ರೈಲುದಾರಿಯಲ್ಲಿದೆ. ಲೂರ್ದ್ ಪಟ್ಟಣದಲ್ಲಿ ದರ್ಶನ ಕೊಟ್ಟಳೆನ್ನುವ ಯೇಸುವಿನ ತಾಯಿ ಮರಿಯಮ್ಮ, ಅಂದರೆ ಲೂರ್ದ್ ಮಾತೆ, ಕರ್ನಾಟಕದ ಕ್ರೈಸ್ತರಿಗೆಲ್ಲ ಗೊತ್ತು, ನಮ್ಮಲ್ಲಿ ಆಕೆಯ ಹೆಸರಿನ ಚರ್ಚುಗಳೂ ಗವಿಗಳೂ ಇವೆ. 1858ರಲ್ಲಿ ಆ ದರ್ಶನವಾಯಿತೆಂದು ಹೇಳಿದ ಬೆರ್ನಾದೆತ್ ಸುಬಿರು ಹದಿನಾಲ್ಕರ ಬಡ ಹುಡುಗಿ, ಹಿಟ್ಟಿನ ಗಿರಣಿಯವನ ಮಗಳು. ಅವಳಿಗೆ ಬರುತ್ತಿದ್ದದ್ದು ಗಾಸ್ಕನ್ ಒಂದೇ. ಹೆಸರು ಕೇಳಿದಾಗ ಆ ಅಮ್ಮ ಗಾಸ್ಕನ್ನಿನಲ್ಲೇ ಉತ್ತರಿಸಿದಳು ಎಂದಳು: ‘ಕೆ ಸೊಯ್ ಎರಾ ಇಮ್ಮಾಕುಲಾದಾ ಕುನ್ಸೆಪ್ಸಿಉ’, ನಾನು ಅಮಲೋದ್ಭವಿ, ಅಂದರೆ ಪಾಪದ ಸೋಂಕಿಲ್ಲದೆ ಹುಟ್ಟಿದವಳು. ಮಸಾಬಿಯೆಲ್ ಗವಿಯಲ್ಲಿನ ಪ್ರತಿಮೆಯ ಪಾದದ ಬಳಿ ಈ ಸಾಲು ಹಾಗೆಯೇ ಇದೆ. ಮೊದಲ ಪದ ‘ಕೆ’ಯನ್ನು ಗಮನಿಸಿ. ಸಾಮಾನ್ಯ ಹೇಳಿಕೆಯಲ್ಲಿ ಕ್ರಿಯಾಪದಕ್ಕೆ ಮೊದಲು ಹೀಗೊಂದು ‘ಕೆ’ ಇಡುವುದು ಗಾಸ್ಕನ್ನಿನ ಜಾಯಮಾನ, ಟೂಲೂಸಿನ ಬಗೆಯಲ್ಲಿ ಅದಿಲ್ಲ. ಪ್ರತಿವರ್ಷ ಲಕ್ಷಗಟ್ಟಲೆ ಯಾತ್ರಿಕರು ಆ ಸಾಲಿನ ಮುಂದೆ ಮೊಣಕಾಲೂರುತ್ತಾರೆ. ಅದು ಯಾವ ಭಾಷೆ ಎಂದು ಕೇಳುವವರು ಕಡಿಮೆ.

ನಿಮ್ಮ ಸಹೋದ್ಯೋಗಿಯ ಅಜ್ಜಿಯ ಕತೆ ಮುಂದಿನ ಅಧ್ಯಾಯಕ್ಕೆ ಸೇರಿದ್ದು, ಇಡೀ ಚರಿತ್ರೆಯಲ್ಲಿ ನಿರ್ಣಾಯಕವಾದದ್ದೂ ಅದೇ. 1881–82ರಲ್ಲಿ ಸಚಿವ ಜೂಲ್ ಫೆರಿ ಪ್ರಾಥಮಿಕ ಶಿಕ್ಷಣವನ್ನು ಉಚಿತವೂ ಕಡ್ಡಾಯವೂ ಮಾಡಿದ. ಶಾಲೆಯಲ್ಲಿ ಫ್ರೆಂಚ್ ಮಾತ್ರ. ಒಕ್ಸಿತಾನಿನಲ್ಲಿ ಬಾಯಿಬಿಟ್ಟ ಮಗುವಿನ ಕೈಗೆ ಮೇಷ್ಟ್ರು ಮರದ ತುಂಡನ್ನೋ ಹಳೆಯ ಮರದ ಚಪ್ಪಲಿಯನ್ನೋ ಕೊಡುತ್ತಿದ್ದರು, ಕೆಲವೆಡೆ ಕೊರಳಿಗೆ ಕಟ್ಟುತ್ತಿದ್ದರು. ಇದಕ್ಕೆ ‘ಸೆನ್ಯಾಲ್’, ಅಂದರೆ ಗುರುತು, ಎಂದು ಹೆಸರು. ಅದನ್ನು ಕಳಚಿಕೊಳ್ಳಲು ಇದ್ದ ದಾರಿ ಒಂದೇ: ತಾಯ್ನುಡಿಯಲ್ಲಿ ಮಾತನಾಡಿದ ಇನ್ನೊಂದು ಮಗುವನ್ನು ಹಿಡಿದುಕೊಟ್ಟು ಅದಕ್ಕೆ ದಾಟಿಸುವುದು. ಸಂಜೆ ಗಂಟೆ ಬಾರಿಸುವಾಗ ಯಾರ ಬಳಿ ಇರುತ್ತದೋ ಅವರಿಗೆ ಶಿಕ್ಷೆ. ಏಟಿನ ನೋವು ಮಾಯುತ್ತದೆ, ಆದರೆ ಗೆಳೆಯರ ಮೇಲೆ ಗೂಢಚಾರಿಕೆ ಮಾಡಿಸುವ ಈ ಉಪಾಯದ ಹಿಂದಿನ ಬುದ್ಧಿಯನ್ನು ನೆನೆದರೆ ನನಗೆ ಈಗಲೂ ಮೈ ಉರಿಯುತ್ತದೆ. ಆ ಮೇಷ್ಟ್ರುಗಳಲ್ಲಿ ಬಹುಪಾಲು ಮಂದಿ ಅದೇ ಹಳ್ಳಿಗಳ ಮಕ್ಕಳು, ಮನೆಗೆ ಹೋಗಿ ಅದೇ ಭಾಷೆ ಆಡುತ್ತಿದ್ದವರು ಎಂಬುದನ್ನೂ ಹೇಳಬೇಕು.

ಆಮೇಲೆ ಮೊದಲ ಮಹಾಯುದ್ಧ ಬಂತು. ಕಂದಕಗಳಿಂದ ಬದುಕಿ ಬಂದವರಿಗೆ ಫ್ರೆಂಚ್ ಅಭ್ಯಾಸವಾಗಿತ್ತು. ಅಂಚೆ, ರೈಲ್ವೆಯ ನೌಕರಿಗೆ ಫ್ರೆಂಚ್ ಬೇಕಿತ್ತು. ಎರಡು ಯುದ್ಧಗಳ ನಡುವೆ ಮನೆಮನೆಯಲ್ಲೂ ಒಂದೇ ನಿರ್ಧಾರ: ಗಂಡಹೆಂಡತಿ ತಮ್ಮತಮ್ಮಲ್ಲಿ ಒಕ್ಸಿತಾನ್ ಆಡುತ್ತಾರೆ, ಮಕ್ಕಳ ಕಡೆ ತಿರುಗಿದೊಡನೆ ಫ್ರೆಂಚ್. ಯಾರೂ ಆಜ್ಞೆ ಮಾಡಲಿಲ್ಲ. ಇದಕ್ಕೆ ಆ ಭಾಷೆಯಲ್ಲಿ ‘ವೆರ್ಗುನ್ಯೊ’ ಎನ್ನುತ್ತಾರೆ, ನಾಚಿಕೆ. ಈಗ ಇದು ಆ ಇಡೀ ಕಾಲಘಟ್ಟದ ಹೆಸರೇ ಆಗಿಬಿಟ್ಟಿದೆ.

ಈಗ ಎರಡನೆಯ ಪ್ರಶ್ನೆ. ಒಕ್ಸಿತಾನರು ಎಂಬ ಜನಾಂಗವಿಲ್ಲ. ಒಕ್ಸಿತಾನಿಯ ಎಂಬ ರಾಜ್ಯ ಎಂದೂ ಇರಲಿಲ್ಲ. ಫ್ರಾನ್ಸಿನ ಜನಗಣತಿ ಭಾಷೆಯನ್ನೂ ಬುಡಕಟ್ಟನ್ನೂ ಕೇಳುವುದಿಲ್ಲ. ಜನ್ಮತಃ ಈ ಭಾಷೆ ಆಡುವ ತೊಂಬತ್ತರ ಮುದುಕರನ್ನು ಕೇಳಿದರೆ ತಾವು ಆವೇರೋನ್‌ನವರು, ಬೆಯಾರ್ನ್‌ನವರು ಎಂದಾರು. ತಾವು ಆಡುವುದು ‘ಪತುವಾ’ ಎಂದು ಯಾವ ಮುಜುಗರವೂ ಇಲ್ಲದೆ ಹೇಳಿಯಾರು. ‘ನಾನು ಒಕ್ಸಿತಾನ್’ ಎಂದು ಹೇಳುವವರು ಬಹುತೇಕ ಅವರ ಮೊಮ್ಮಕ್ಕಳು, ಭಾಷೆಯನ್ನು ಸಂಜೆ ತರಗತಿಗಳಲ್ಲಿ ಕಲಿತವರು. ಆಡುವವರಿಗೆ ಅಸ್ಮಿತೆಯ ಅರಿವಿಲ್ಲ, ಅಸ್ಮಿತೆ ಇರುವವರಿಗೆ ಭಾಷೆ ತಡವಾಗಿ ಬಂತು. ಇದನ್ನು ಹಿಡಿದು ಕೆಲವರು ಇಡೀ ಚಳವಳಿಯೇ ಕೃತಕ ಎಂದು ಮೂಗು ಮುರಿಯುತ್ತಾರೆ. ನಾನು ಒಪ್ಪುವುದಿಲ್ಲ. ಕಸಿದುಕೊಂಡದ್ದು ಕಸಿದುಕೊಂಡದ್ದೆಂದು ಗೊತ್ತಾಗುವುದಕ್ಕೆ ಒಂದು ತಲೆಮಾರು ಬೇಕಾಗುತ್ತದೆ.

ಚಳವಳಿಯೊಳಗೂ ಒಗ್ಗಟ್ಟಿಲ್ಲ. 1854ರಲ್ಲಿ ಫ್ರಾನ್ಸಿನ ಆಗ್ನೇಯದ ಪ್ರೊವೆನ್ಸ್ ಸೀಮೆಯ ಯುವಕವಿಗಳು ‘ಫೆಲಿಬ್ರಿಜ್’ ಎಂಬ ಕೂಟ ಕಟ್ಟಿದರು. ಅದರ ನಾಯಕ ಫ್ರೆದೆರಿಕ್ ಮಿಸ್ತ್ರಾಲ್‌ಗೆ 1904ರಲ್ಲಿ ಸಾಹಿತ್ಯದ ನೊಬೆಲ್ ಬಂತು, ಸ್ಪೇನಿನ ಎಚೆಗರಾಯ್ ಜೊತೆ ಹಂಚಿಕೊಂಡು. ರಾಜ್ಯವಿಲ್ಲದ, ಶಾಲೆಯಿಲ್ಲದ ಭಾಷೆಗೆ ಸಂದ ನೊಬೆಲ್ ಅದು. ಹಣವನ್ನು ಅವನು ಆರ್ಲ್ ನಗರದಲ್ಲಿ ತಾನು ಕಟ್ಟಿದ ಜನಪದ ವಸ್ತುಸಂಗ್ರಹಾಲಯಕ್ಕೆ ಸುರಿದ. ಎರಡು ದೊಡ್ಡ ಸಂಪುಟಗಳ ನಿಘಂಟನ್ನೂ ಬರೆದ. ಆದರೆ ಅವನ ಕೂಟದ ಕಾಗುಣಿತ ಫ್ರೆಂಚ್ ಓದುವವರ ಕಣ್ಣಿಗೆ ಹೊಂದುವಂತಿತ್ತು. 1935ರಲ್ಲಿ ಲೂಯಿ ಅಲಿಬೆರ್ ತ್ರುಬಾದೂರರ ಕಾಲದ ಬರವಣಿಗೆಗೆ ಹತ್ತಿರವಾದ ಇನ್ನೊಂದು ಪದ್ಧತಿ ರೂಪಿಸಿದ. 1945ರಲ್ಲಿ ಟೂಲೂಸಿನಲ್ಲಿ ಹುಟ್ಟಿದ ಒಕ್ಸಿತಾನ್ ಅಧ್ಯಯನ ಸಂಸ್ಥೆ ಅದನ್ನೇ ಹಿಡಿಯಿತು. ನೀವು ಫಲಕಗಳಲ್ಲಿ ನೋಡುವುದು ಇದನ್ನೇ. ‘ತೊಲೊಸಾ’ ಎಂದು ಬರೆದು ‘ತುಲೂಜೊ’ ಎಂದು ಓದುವ ವಿಚಿತ್ರ ಅದರಿಂದ ಬಂದದ್ದು. ಪ್ರೊವೆನ್ಸಿನಲ್ಲಿ ಒಂದು ಬಣ ಈಗಲೂ ‘ನಮ್ಮದು ಒಕ್ಸಿತಾನ್ ಅಲ್ಲ, ಪ್ರೊವೆನ್ಸಾಲ್ ಸ್ವತಂತ್ರ ಭಾಷೆ’ ಎಂದು ಹಟ ಹಿಡಿದಿದೆ. ಮುಳುಗುವ ಹಡಗಿನಲ್ಲಿ ಕಾಗುಣಿತಕ್ಕೆ ಜಗಳವಾಡುವ ಈ ಛಲ ನನಗೆ ಒಮ್ಮೊಮ್ಮೆ ನಗು ತರಿಸುತ್ತದೆ.

1960ರ ದಶಕದಿಂದ ಧ್ವನಿ ಬದಲಾಯಿತು. ದೆಕಾಜ್‌ವೀಲ್‌ನ ಗಣಿಗಳನ್ನು ಮುಚ್ಚಲು ಹೊರಟಾಗ ಕಾರ್ಮಿಕರು 1961ರ ಕೊನೆಯಲ್ಲಿ ಮುಷ್ಕರ ಹೂಡಿದರು. ಲಾರ್ಜಾಕ್ ಪ್ರಸ್ಥಭೂಮಿಯ ಕುರಿಗಾಹಿಗಳ ನೆಲವನ್ನು ಸೇನಾ ಶಿಬಿರಕ್ಕೆ ಕಿತ್ತುಕೊಳ್ಳಲು ನೋಡಿದಾಗ, 1971ರಿಂದ 1981ರವರೆಗೆ ಹತ್ತು ವರ್ಷ ಹೋರಾಟ ನಡೆಯಿತು. ಅಧ್ಯಕ್ಷ ಮಿತ್ತರಾಂ ಯೋಜನೆಯನ್ನು ಕೈಬಿಟ್ಟ ಮೇಲೆಯೇ ಅದು ನಿಂತದ್ದು. ‘ಗಾರ್ದರೆಮ್ ಲು ಲಾರ್ಜಾಕ್’, ಲಾರ್ಜಾಕನ್ನು ಉಳಿಸಿಕೊಳ್ಳುತ್ತೇವೆ, ಎಂಬ ಘೋಷಣೆ ಒಕ್ಸಿತಾನಿನಲ್ಲಿತ್ತು. ಅಜ್ಜಂದಿರ ನಾಚಿಕೆಯ ಮಾತು ಮೊಮ್ಮಕ್ಕಳ ಭಿತ್ತಿಪತ್ರಕ್ಕೆ ಏರಿತು. ‘ವುಲೆಮ್ ವಿಉರೆ ಅಲ್ ಪಯಿಸ್’, ನಮ್ಮ ನೆಲದಲ್ಲೇ ಬದುಕಬೇಕು, ಎಂಬುದೂ ಅದೇ ಕಾಲದ್ದು. ಕೆಲಸ ಹುಡುಕಿಕೊಂಡು ಪ್ಯಾರಿಸ್ಸಿಗೆ ಹೋಗಬೇಕಾದವರ ಸಿಟ್ಟು ಅದರಲ್ಲಿತ್ತು.

ಕಾನೂನಿನ ಕತೆ ಚಿಕ್ಕದು. 1992ರಲ್ಲಿ ‘ಗಣರಾಜ್ಯದ ಭಾಷೆ ಫ್ರೆಂಚ್’ ಎಂಬ ಸಾಲು ಫ್ರಾನ್ಸಿನ ಸಂವಿಧಾನಕ್ಕೆ ಸೇರಿತು. 2008ರಲ್ಲಿ ಪ್ರಾದೇಶಿಕ ಭಾಷೆಗಳು ‘ಫ್ರಾನ್ಸಿನ ಪರಂಪರೆಗೆ ಸೇರಿದವು’ ಎಂಬ ಇನ್ನೊಂದು ಸಾಲು ಬಂತು. ಮೊದಲನೆಯದರಿಂದ ಆದೇಶ ಹೊರಡಿಸಬಹುದು, ಎರಡನೆಯದರಿಂದ ಭಾಷಣ ಮಾಡಬಹುದು. ಯುರೋಪಿನ ಪ್ರಾದೇಶಿಕ ಭಾಷೆಗಳ ಸನ್ನದಿಗೆ ಫ್ರಾನ್ಸ್ 1999ರಲ್ಲಿ ಸಹಿ ಹಾಕಿತು, ಅನುಮೋದಿಸಲಿಲ್ಲ.

ಗಡಿಯಾಚೆ ನೋಡಿದರೆ ಇದರ ಬೆಲೆ ತಿಳಿಯುತ್ತದೆ. ಟೂಲೂಸಿನ ನಡುವೆ ಹರಿಯುವ ಗರೋನ್ ನದಿ ಹುಟ್ಟುವುದು ಪಿರಿನೀಸ್‌ನ ಆರಾನ್ ಕಣಿವೆಯಲ್ಲಿ. ಅದು ಸ್ಪೇನಿನ ಕತಲೋನಿಯಾಕ್ಕೆ ಸೇರಿದೆ, ಜನಸಂಖ್ಯೆ ಸುಮಾರು ಹತ್ತು ಸಾವಿರ. ಅಲ್ಲಿನ ಗಾಸ್ಕನ್ ಬಗೆಗೆ ಅರಾನೇಸ್ ಎಂದು ಹೆಸರು. 1990ರಿಂದ ಕಣಿವೆಯಲ್ಲಿ, 2006ರಿಂದ ಇಡೀ ಕತಲೋನಿಯಾದಲ್ಲಿ ಅದು ಅಧಿಕೃತ ಭಾಷೆ. ಶಾಲೆ, ಪಂಚಾಯಿತಿ, ಕಚೇರಿಯ ಅರ್ಜಿ ಎಲ್ಲದರಲ್ಲೂ ಅದಿದೆ. ಸ್ಕೀ ಪ್ರವಾಸೋದ್ಯಮದ ಜೊತೆ ಬಂದ ಸ್ಪ್ಯಾನಿಷ್ ಅಲ್ಲೂ ಒತ್ತುತ್ತಿದೆ ನಿಜ. ಆದರೂ ಲಕ್ಷಗಟ್ಟಲೆ ಜನ ಆಡಿದ ನಾಡಿನಲ್ಲಿ ಸಿಗದ ಮಾನ್ಯತೆ ಹತ್ತು ಸಾವಿರ ಜನರ ಕಣಿವೆಯಲ್ಲಿ ಸಿಕ್ಕಿದೆ. ಇಟಲಿಯೂ ಆಲ್ಪ್ಸ್ ಕಣಿವೆಗಳ ಒಕ್ಸಿತಾನನ್ನು 1999ರ ಕಾಯಿದೆಯಲ್ಲಿ ಗುರುತಿಸಿದೆ.

ಫ್ರಾನ್ಸಿನಲ್ಲಿ ಎಷ್ಟು ಮಂದಿ ಉಳಿದಿದ್ದಾರೆ? ಪ್ರೊವೆನ್ಸನ್ನು ಬಿಟ್ಟು, ನೈರುತ್ಯ ಫ್ರಾನ್ಸ್ ಮತ್ತು ಆರಾನ್ ಕಣಿವೆಯಲ್ಲಿ 2020ರಲ್ಲಿ ನಡೆದ ಸಮೀಕ್ಷೆಯಲ್ಲಿ ಶೇ 7ರಷ್ಟು ಜನ ತಾವು ಆಡಬಲ್ಲೆವು ಎಂದರು, ಸುಮಾರು ಐದೂವರೆ ಲಕ್ಷ. ಅವರ ಸರಾಸರಿ ವಯಸ್ಸು 66. ಅದೇ ಸಮೀಕ್ಷೆಯಲ್ಲಿ ಶೇ 90ಕ್ಕೂ ಹೆಚ್ಚು ಜನ ಭಾಷೆ ಉಳಿಯಲಿ ಎಂದಿದ್ದಾರೆ. ಎಲ್ಲರೂ ಹರಸುವ, ಯಾರೂ ಆಡದ ಭಾಷೆ. 2016ರಲ್ಲಿ ನಿಮ್ಮ ಪ್ರಾಂತ್ಯಕ್ಕೆ ‘ಒಕ್ಸಿತಾನಿ’ ಎಂದು ಹೆಸರಿಟ್ಟದ್ದರಿಂದ ಹೆಸರು ಎಲ್ಲರ ಬಾಯಲ್ಲೂ ಓಡಾಡುತ್ತಿದೆ. ಆದರೆ ಆ ಪ್ರಾಂತ್ಯದಲ್ಲಿ ಪ್ರೊವೆನ್ಸ್, ಲಿಮೂಸಿನ್, ಓವೆರ್ನ್ಯ ಇಲ್ಲ, ಬದಲಿಗೆ ಪೆರ್ಪಿನ್ಯಾನ್ ಸುತ್ತಲಿನ ಕತಲಾನರು ಸೇರಿದ್ದಾರೆ, ಅವರಿಗೆ ಆ ಹೆಸರಿನ ಮೇಲೆ ಇಂದಿಗೂ ಕೋಪ.

ನಿಮ್ಮ ಕಚೇರಿಯಲ್ಲಿ ಒಬ್ಬರೂ ಇಲ್ಲ ಎಂದಿರಿ. ಹಾಜರಿ ಪಟ್ಟಿಯ ಅಡ್ಡಹೆಸರುಗಳನ್ನು ಓದಿ. ಫಾಬ್ರ್ ಎಂದರೆ ಕಮ್ಮಾರ, ಪುವೆಷ್ ಎಂದರೆ ಗುಡ್ಡ, ದೆಲ್ಮಾಸ್ ಎಂದರೆ ತೋಟದಮನೆಯವನು. ಇವೆಲ್ಲ ಒಕ್ಸಿತಾನ್. ಅವರ ಫ್ರೆಂಚನ್ನೂ ಕಿವಿಗೊಟ್ಟು ಕೇಳಿ. ಪ್ಯಾರಿಸ್ಸಿನವರು ನುಂಗುವ ಕೊನೆಯ ಸ್ವರವನ್ನು ಇವರು ಬಿಡಿಸಿ ಉಚ್ಚರಿಸುತ್ತಾರೆ. ಬ್ರೆಡ್ಡಿಗೆ ‘ಪ್ಯಾಂ’ ಎನ್ನದೆ ‘ಪ್ಯಾಂಗ್’ ಎನ್ನುತ್ತಾರೆ. ಕೈಗೆ ಜ್ಯಾಮ್ ಅಂಟಿದರೆ ‘ಸಾ ಪೆಗ್’ ಎನ್ನುತ್ತಾರೆ, ಆ ‘ಪೆಗ್’ ಒಕ್ಸಿತಾನ್ ಕ್ರಿಯಾಪದ. ಅಜ್ಜಿಯ ಭಾಷೆ ಹೋಗಿದೆ, ಅದರ ಉಚ್ಚಾರಣೆ ಮೊಮ್ಮಗನ ಫ್ರೆಂಚಿನಲ್ಲಿ ಕುಳಿತಿದೆ. ಭಾಷೆಯನ್ನೇ ಕೇಳಬೇಕೆಂದರೆ ಟೂಲೂಸಿನ ಬೀದಿಯಲ್ಲಿ ಸಿಗುವುದಿಲ್ಲ. ಆವೇರೋನ್ ಕಡೆಯ ಜಾನುವಾರು ಸಂತೆಗೆ ಹೋಗಿ ಮುದುಕರ ಪಕ್ಕ ನಿಲ್ಲಿ, ಅಥವಾ ‘ಬಲೆತಿ’ ಎಂಬ ಜನಪದ ಕುಣಿತದ ಸಂಜೆಗೆ ಹೋಗಿ. ನೀವು ಹೊರಗಿನವರೆಂದು ಕಂಡರೆ ಕೂಡಲೇ ಫ್ರೆಂಚಿಗೆ ತಿರುಗುತ್ತಾರೆ, ಅದು ಸೌಜನ್ಯ, ಬೇಸರ ಬೇಡ.

ಇನ್ನು ಶಾಲೆ. ನಿಮ್ಮ ನೆರೆಯವರು ಹೇಳಿದ್ದು ‘ಕಲಂದ್ರೆತೊ’ ಇರಬೇಕು. ಮೊದಲನೆಯದು 1979ರಲ್ಲಿ ಪೋ ನಗರದಲ್ಲಿ ಆರಂಭವಾಯಿತು, ಈಗ ಇಂಥವು ಅರವತ್ತರ ಆಸುಪಾಸಿನಲ್ಲಿವೆ. ಪೋಷಕರ ಸಂಘಗಳು ನಡೆಸುತ್ತವೆ, ಸರ್ಕಾರದ ಜೊತೆ ಒಪ್ಪಂದವಿರುವ ಕಡೆ ಶಿಕ್ಷಕರ ಸಂಬಳ ಸರ್ಕಾರದ್ದು. ಯಾವ ಧರ್ಮಕ್ಕೂ ಸೇರಿದ್ದಲ್ಲ. ಶಿಶುವಿಹಾರದಲ್ಲಿ ಪೂರ್ತಿ ಒಕ್ಸಿತಾನ್, ಓದು ಕಲಿಯುವುದೂ ಅದರಲ್ಲೇ, ಫ್ರೆಂಚ್ ಆಮೇಲೆ ಹಂತಹಂತವಾಗಿ ಬರುತ್ತದೆ. 2021ರ ಮೇ ತಿಂಗಳಲ್ಲಿ ಸಾಂವಿಧಾನಿಕ ಮಂಡಳಿ ಇಂಥ ಪೂರ್ಣಮಾಧ್ಯಮ ಬೋಧನೆ ಸಂವಿಧಾನಕ್ಕೆ ವಿರುದ್ಧ ಎಂದಿತು. ಶಾಲೆಗಳು ಮುಚ್ಚಿಲ್ಲ, ಆದರೆ ಕಾನೂನಿನ ನೆಲೆ ಗಟ್ಟಿಯಾಗಿಲ್ಲ ಎಂಬುದು ನಿಮಗೆ ತಿಳಿದಿರಲಿ.

ಸ್ಥಳೀಯ ಮಕ್ಕಳಿಗೆ ಈ ವ್ಯವಸ್ಥೆ ಹೊಂದುತ್ತದೆ, ಏಕೆಂದರೆ ಅವರ ಮನೆಯಲ್ಲಿ ಫ್ರೆಂಚ್ ಇದೆ. ನಿಮ್ಮ ಮನೆಯಲ್ಲಿ ಕನ್ನಡ, ಬಹುಶಃ ಇಂಗ್ಲಿಷೂ ಇರುತ್ತದೆ. ಮಗಳಿಗೆ ಫ್ರೆಂಚ್ ಸಿಗುವುದು ಆಟದ ಮೈದಾನದಲ್ಲಿ ಮತ್ತು ನೆರೆಮನೆಯಲ್ಲಿ. ಸಹಪಾಠಿಗಳು ತಮ್ಮತಮ್ಮಲ್ಲಿ ಫ್ರೆಂಚೇ ಆಡುವುದರಿಂದ ಅದು ಬಂದೇ ಬರುತ್ತದೆ, ಸ್ವಲ್ಪ ನಿಧಾನವಾಗಿ. ಎರಡು ವರ್ಷದಲ್ಲಿ ಬೆಂಗಳೂರಿಗೆ ಮರಳುವವರಾದರೆ ಬೀದಿಯ ಸಾಮಾನ್ಯ ಸರ್ಕಾರಿ ಶಾಲೆಯೇ ಸಾಕು. ಐದಾರು ವರ್ಷ ಅಥವಾ ಇನ್ನೂ ಹೆಚ್ಚು ಕಾಲ ಇರುವವರಾದರೆ ನಾನು ಧೈರ್ಯವಾಗಿ ಸೇರಿಸಿ ಎನ್ನುತ್ತೇನೆ. ಒಕ್ಸಿತಾನ್ ಬಂದ ಮಗುವಿಗೆ ಕತಲಾನ್, ಸ್ಪ್ಯಾನಿಷ್, ಇಟಾಲಿಯನ್ ಅರ್ಧ ಬಂದಂತೆಯೇ. ಸೇರಿಸುವ ಮುನ್ನ ಮುಖ್ಯೋಪಾಧ್ಯಾಯರಲ್ಲಿ ಮೂರು ವಿಷಯ ವಿಚಾರಿಸಿ: ಮನೆಯಲ್ಲಿ ಫ್ರೆಂಚ್ ಇಲ್ಲದ ಮಕ್ಕಳು ಈ ಮೊದಲು ಬಂದಿದ್ದಾರೆಯೇ, ಫ್ರೆಂಚ್ ಓದು ಯಾವ ತರಗತಿಯಲ್ಲಿ ಶುರುವಾಗುತ್ತದೆ, ಪೋಷಕರು ವಾರಕ್ಕೆ ಎಷ್ಟು ಹೊತ್ತು ಶಾಲೆಯ ಕೆಲಸಕ್ಕೆ ಕೈಜೋಡಿಸಬೇಕು. ಕೊನೆಯದನ್ನು ಹಗುರವಾಗಿ ನೋಡಬೇಡಿ, ಗೋಡೆಗೆ ಬಣ್ಣ ಬಳಿಯುವುದರಿಂದ ಹಿಡಿದು ಹಬ್ಬದ ಅಡುಗೆಯವರೆಗೆ ಪೋಷಕರ ಪಾಲು ಅಲ್ಲಿ ದೊಡ್ಡದು. ಆದರೆ ಮನೆಯಲ್ಲಿ ಮಗಳ ಜೊತೆ ಕನ್ನಡವನ್ನೇ ಆಡಿ. ‘ಬೇಗ ಕಲಿಯಲಿ’ ಎಂದು ನೀವೇ ಅರೆಬರೆ ಫ್ರೆಂಚಿಗೆ ತಿರುಗುವ ಅಗತ್ಯವಿಲ್ಲ, ಆ ಕೆಲಸವನ್ನು ಮೈದಾನದ ಮಕ್ಕಳು ನಿಮಗಿಂತ ಚೆನ್ನಾಗಿ ಮಾಡುತ್ತಾರೆ.